ಮೌನಮಠದ ಬಾಗಿಲಲ್ಲಿ ಅವ್ವ

ಹಸಿ ಕಂಬಳಿಯ ವಾಸನೆ ಬಂದರೆ ಈಗಲೂ ನನಗೆ ಗಜೇಂದ್ರಗಡದ ಮೌನಮಠದ ಆ ಮಧ್ಯಾಹ್ನ ನೆನಪಾಗುತ್ತದೆ.

ನಮ್ಮೂರು ಹೊಳೆಮಣ್ಣೂರಿಗೆ ಹೊಳೆಯ ನೀರು ನುಗ್ಗಿದಾಗ ನನ್ನ ಪುಟ್ಟ ತಮ್ಮ ಕೈತಪ್ಪಿದ್ದ. ಯಾರೋ ಅವನನ್ನು ಟ್ರ್ಯಾಕ್ಟರಿನಲ್ಲಿ ಆ ಮಠಕ್ಕೆ ಒಯ್ದರೆಂದು ಸುದ್ದಿ ಬಂತು. ಅವ್ವ ನೆನೆದ ಕಂಬಳಿ ಹೊದ್ದೇ ನನ್ನನ್ನು ಎಳೆದುಕೊಂಡು ಬಸ್ಸು ಹತ್ತಿದಳು. ಆ ಮಠದವರು ದೀಕ್ಷೆ ಪಡೆದ ಮೇಲೆ ಮಾತಾಡುವುದಿಲ್ಲ, ಬರೆದೂ ತಿಳಿಸುವುದಿಲ್ಲ.

"ಅಜ್ಜಾರ, ನನ್ನ ಕೂಸು ಇಲ್ಲಿ ಐತೇನ್ರಿ?" ಎಂದಳು ಅವ್ವ.

ಬಾಗಿಲಲ್ಲಿದ್ದ ಮುದಿ ಸ್ವಾಮಿಗಳು ಎದೆಯ ಮೇಲೆ ಅಂಗೈ ಇಟ್ಟು ಕಣ್ಣು ಮುಚ್ಚಿದರು. ಬಂದವರಿಗೆಲ್ಲ ಅವರು ಮಾಡುವ ನಮಸ್ಕಾರ ಅದು ಎಂದು ನಮಗೆ ಆಮೇಲೆ ತಿಳಿಯಿತು.

"ಹೋತಲ್ಲಪಾ ನನ್ನ ಕೂಸು!" ಎಂದು ಅವ್ವ ಹೊಸ್ತಿಲ ಮೇಲೆಯೇ ಕುಸಿದಳು.

ಸ್ವಾಮಿಗಳು ಗಾಬರಿಯಾದರು. ಬಗ್ಗಿ ತಮ್ಮ ತೋರುಬೆರಳನ್ನು ಅವ್ವನ ಕಣ್ಣೆದುರು ಹಿಡಿದರು. ಅದರ ಮೇಲೆ ಸಣ್ಣ ಹಲ್ಲುಗಳ ಕೆಂಪು ಗುರುತು ಇನ್ನೂ ಹಸಿಯಾಗಿತ್ತು.

ಅವ್ವ ಬೆರಳನ್ನು ತಿರುಗಿಸಿ ತಿರುಗಿಸಿ ನೋಡಿದಳು.

"ಕಡದಾನೇನ್ರಿ? ಉಣಸಾಕ ಹೋದ್ರ ನನಗೂ ಹಿಂಗ ಕಡೀತಾನ್ರಿ, ಭಾಡ್ಯಾ!"

ಅಳುತ್ತಲೇ ನಕ್ಕಳು. ಸ್ವಾಮಿಗಳು ಹೌದೆಂದು ತಲೆಯಾಡಿಸುತ್ತ, ಆ ಬೆರಳನ್ನು ಅವಳ ಮುಷ್ಟಿಯಲ್ಲೇ ಬಿಟ್ಟು ಒಳಗೆ ಕರೆದೊಯ್ದರು.