ಅಜ್ಜಿ ಕಲಿತಿದ್ದ ಸಾವು

ಮಧ್ಯಾಹ್ನ ಮೂರು ಹತ್ತಕ್ಕೆ ಗುಬ್ಬಿ ಊರಿನ ಮನೆಯ ಪಡಸಾಲೆಯಲ್ಲಿ ಅಜ್ಜಿ ಬಿದ್ದಳು. ನಾನೂ ತಮ್ಮನೂ ಚಪ್ಪಾಳೆ ತಟ್ಟಿದೆವು.

ಅಜ್ಜಿ ನಾಟಕ ಕಂಪನಿಯಲ್ಲಿ ನಲವತ್ತು ವರ್ಷ ರಾಣಿಯ ಪಾತ್ರ ಮಾಡಿದವಳು. ಹರೆಯದಲ್ಲಿ ಟೆಂಟಿನಲ್ಲಿ ಒಂದು ಇಂಗ್ಲಿಷ್ ಸಿನಿಮಾವನ್ನು ಏಳು ಸಲ ನೋಡಿ, ಅದರ ಹಾಲಿವುಡ್ ನಟಿ ವಿಷ ಕುಡಿದು ಬೀಳುವ ರೀತಿಯನ್ನು ಕಲಿತಿದ್ದಳಂತೆ: ಮೊದಲು ಮಂಡಿ, ಆಮೇಲೆ ಸೊಂಟ, ಭುಜ, ಕೊನೆಗೆ ತಲೆ. ಆ ಸಾವನ್ನು ನೋಡಲೆಂದೇ ಜನ ಟಿಕೆಟ್ ತೆಗೆಯುತ್ತಿದ್ದರಂತೆ. ರಜೆಗೆ ಬಂದ ನಮಗೂ ದಿನಾ ಸತ್ತು ತೋರಿಸುತ್ತಿದ್ದಳು. "ಬಿದ್ಮೇಲೆ ಹತ್ರ ಬರ್ಬಾರ್ದು ಕಣ್ರೋ, ಚಪ್ಪಾಳೆ ತಟ್ಬೇಕು. ಸಾಕನ್ಸುದ್ಮೇಲೆ ಏಳ್ತೀನಿ."

ಅವತ್ತು ತಲೆಯೇ ಮೊದಲು ನೆಲಕ್ಕೆ ಬಡಿಯಿತು.

"ಜೋರಾಗ್ ತಟ್ಟೇ ಅಕ್ಕ, ಇಲ್ದಿದ್ರೆ ಅಜ್ಜಿ ಏಳಲ್ಲ," ಎಂದ ತಮ್ಮ. ತಟ್ಟಿದೆ. ಅಜ್ಜಿಯ ಕೆನ್ನೆಯ ಪೌಡರಿನ ಮೇಲೆ ಬೆವರು ಗೆರೆ ಎಳೆಯುತ್ತಿತ್ತು.

ಹಿತ್ತಲಿನಿಂದ ಅಮ್ಮ ಕೂಗಿದಳು: "ಇನ್ನೂ ಸಾಯ್ತಾನೇ ಅವ್ಳಾ ನಿಮ್ಮಜ್ಜಿ? ಕಾಫಿ ಆರೋಯ್ತದೆ, ಎದ್ದೇಳಕ್ಕೇಳು."

ಅಜ್ಜಿಯ ಬಾಯಿ ಒಂದು ಕಡೆಗೆ ಎಳೆದುಕೊಂಡಾಗಲೇ ನನ್ನ ಕೈ ನಿಂತದ್ದು. ಆಗ ಅಮ್ಮನನ್ನು ಕೂಗಿದೆ.

ತುಮಕೂರಿನ ಆಸ್ಪತ್ರೆಯಲ್ಲಿ ಡಾಕ್ಟರು ನನ್ನನ್ನೇ ಕೇಳಿದರು: "ಬಿದ್ದು ಎಷ್ಟೊತ್ತಾದ್ಮೇಲೆ ಅಮ್ಮನ್ನ ಕರೆದೆ, ಪುಟ್ಟಿ?"

"ತಕ್ಷಣ ಕರ್ದೆ," ಎಂದೆ.

ಅಂದಿನಿಂದ ದಿನಾ ನಡುರಾತ್ರಿ ಚಪ್ಪಾಳೆಯ ಸದ್ದು ಕೇಳಿದಂತಾಗಿ ನನಗೆ ಎಚ್ಚರವಾಗುತ್ತಿತ್ತು.

ಹತ್ತೊಂಬತ್ತನೆಯ ದಿನ ಅಜ್ಜಿಯನ್ನು ಮನೆಗೆ ಕರೆತಂದರು. ಬಲಗೈ ಅಲುಗುತ್ತಿರಲಿಲ್ಲ. ಅಮ್ಮ ಅಡುಗೆಮನೆಗೆ ಹೋದಾಗ ಅಜ್ಜಿಯ ಕಿವಿಯಲ್ಲಿ ಹೇಳಿದೆ: "ಡಾಕ್ಟ್ರಿಗೆ ನಾನ್ ಸುಳ್ ಹೇಳ್ದೆ ಅಜ್ಜಿ."

"ಗೊತ್ತು ಬುಡು," ಎಂದಳು ತೊದಲುತ್ತಾ. ಎಡಗೈಯಿಂದ ಚಾಪೆಯನ್ನು ತನ್ನತ್ತ ಎಳೆದುಕೊಂಡಳು. "ಇಲ್ಲೇ ಮಲಕ್ಕೋ ಬಾ."

ಅಂದು ಬೆಳಗಿನವರೆಗೂ ನನಗೆ ಎಚ್ಚರವಾಗಲಿಲ್ಲ.