ಅಪ್ಪನ ಎದುರು

ಮಗು ಅಂಬೆಗಾಲಿಟ್ಟು ಬಂದು ಅಪ್ತಿಯ ಬೂಟನ್ನು ಹಿಡಿದುಕೊಂಡಿತು. ಅವನು ರಷ್ಯದ ವಿರುದ್ಧದ ಯುದ್ಧಕ್ಕೆ ಹೋದ ಮೇಲೆ ಹುಟ್ಟಿದ ಮಗಳು. ಇವತ್ತೇ ಮೊದಲ ಸಲ ನೋಡುತ್ತಿದ್ದ, ಇನ್ನೂ ಮುಟ್ಟಿರಲಿಲ್ಲ. ಎದುರಿಗೆ ಒಲೆಯ ಪಕ್ಕ ಅವನಪ್ಪ ಬೈಸುಲ್ತಾನ್ ಕೂತಿದ್ದ. ಅಪ್ಪನ ಎದುರು ತನ್ನ ಮಗುವನ್ನು ಎತ್ತಿ ಮುದ್ದಾಡಿದ ಚೆಚೆನ್ ಗಂಡಸು ಇನ್ನೂ ಹುಟ್ಟಿಲ್ಲ; ಅದು ಹಿರಿಯರಿಗೆ ಮಾಡುವ ಅಗೌರವ. ಅಪ್ತಿ ಬಾಗಿಲ ಬಳಿ ಮುಷ್ಟಿ ಬಿಗಿಹಿಡಿದು ನಿಂತೇ ಇದ್ದ.

"ಯಾರದೋ ಈ ಬೂಟು?" ಮುದುಕ ಕೇಳಿದ.

"ರಷ್ಯದ ಸಿಪಾಯಿದು, ಅಪ್ಪಾ."

"ಕಚ್ಚುತ್ತಾ?"

"ಅವರ ಆಳ್ವಿಕೆಯಷ್ಟು ಕಚ್ಚಲ್ಲ."

ಮುದುಕನ ಮೀಸೆ ಅಲುಗಿತು. "ಮತ್ತೆ ಯಾವಾಗ ಬರ್ತೀಯ?"

"ದೇಶ ನಮ್ಮದಾದ ಮೇಲೆ."

"ಅಷ್ಟರಲ್ಲಿ ಇವಳ ಮದುವೆ ಆಗಿರುತ್ತೆ ಬಿಡು."

ಅವನನ್ನು ಮತ್ತೆ ಯುದ್ಧಕ್ಕೆ ಕರೆದೊಯ್ಯಲು ಹೊರಗೆ ಕಾಯುತ್ತಿದ್ದ ಗೆಳೆಯರು ಜೀಪಿನ ಹಾರ್ನ್ ಒತ್ತಿದರು. ಮಗು ಅವನ ಪ್ಯಾಂಟನ್ನು ಜಗ್ಗಿ ಎದ್ದು ನಿಂತು, ಎತ್ತಿಕೋ ಎಂಬಂತೆ ಒಂದು ಕೈ ಮೇಲಕ್ಕೆ ಚಾಚಿತು. ಅಪ್ತಿ ತಲೆ ಎತ್ತಿ ಕಿಟಕಿಯಾಚೆಯ ಬೆಟ್ಟವನ್ನೇ ನೋಡಿದ.

ಬೈಸುಲ್ತಾನ್ ಕೋಲೂರಿ ಎದ್ದ. "ಹಸು ಹಗ್ಗ ಬಿಚ್ಕೊಂಡಿದೆ ಅಂತ ಕಾಣುತ್ತೆ, ಕಟ್ಟಿ ಬರ್ತೀನಿ," ಎಂದು ಹೊರಗೆ ಹೋಗಿ ಬಾಗಿಲೆಳೆದುಕೊಂಡ. ಕೊಟ್ಟಿಗೆಗೆ ಬಾಂಬು ಬಿದ್ದು, ಹಸು ಸತ್ತು ಒಂದು ಚಳಿಗಾಲವೇ ಕಳೆದಿತ್ತು. ಅದು ಅಪ್ತಿಗೂ ಗೊತ್ತಿತ್ತು. ಅವನು ನೆಲಕ್ಕೆ ಕುಸಿದು ಮಗಳನ್ನು ಎದೆಗೆಳೆದುಕೊಂಡು ಅವಳ ನೆತ್ತಿಗೆ ಮೂಗು ಹಚ್ಚಿದ. ಹೊರಗೆ ಅಪ್ಪ, ಇಲ್ಲದ ಹಸುವನ್ನು ಗಟ್ಟಿಯಾಗಿ ಬೈಯುತ್ತಲೇ ಇದ್ದ.