ಹೊಳೆಯ ತಕರಾರು

ಉಸುಕು ಕದ್ದು ಸಾಗಿಸಿ ಸಿಕ್ಕಿಬಿದ್ದ ಟ್ರ್ಯಾಕ್ಟರನ್ನು ತಾತ್ಕಾಲಿಕವಾಗಿ ಬಿಡಬೇಕಾದರೂ ಹೊಳೆಯ ಒಪ್ಪಿಗೆ ಬೇಕು. ಹಾಗಾಗಿ ಕೋರ್ಟಿನಲ್ಲಿ ಫಿರ್ಯಾದಿಯ ಕುರ್ಚಿಯ ಮೇಲೆ ಎಂದಿನಂತೆ ಹೊಳೆನೀರಿನ ಕೊಡ ಕೂತಿತ್ತು.

“ಬಿಡಬ್ಯಾಡ್ರಿ ಸಾಹೇಬ್ರ,” ಎಂದಿತು ಹೊಳೆ. “ಈ ಫಕೀರವ್ವ ಕಳ್ಳಿ.”

ಟ್ರ್ಯಾಕ್ಟರಿನ ಒಡತಿ ಫಕೀರವ್ವ ಸೆರಗು ಸೊಂಟಕ್ಕೆ ಸಿಗಿಸಿ ಎದ್ದಳು. “ವರ್ಷಾ ವರ್ಷಾ ನಿನಗ ಉಡಿ ತುಂಬೀನಿ. ಮಗಳ ಅಂತ ಕರದಾಕಿ ನೀನ. ತವರಿಂದ ಒಂದು ಹೇರು ತಂದರ ಕಳವೇನು?”

“ಮಗಳು ತವರಿಗೆ ಹಗಲೊತ್ತು ಬರ್ತಾಳ.”

“ಬಂದಿದ್ದೆ, ಯವ್ವಾ. ದಂಡಿ ತುಂಬ ಗುತ್ತಿಗೆದಾರರ ಲಾರಿ ನಿಂತು ನನ್ನ ಒಳಗ ಬಿಡಲಿಲ್ಲ. ಅವರು ಎಂದು ನಿನ್ನ ಉಡಿ ತುಂಬ್ಯಾರ?”

ಕೊಡದ ನೀರು ಕುದಿಯುವಂತೆ ಉಕ್ಕಿತು. “ಇಕಿ ಗಾಡಿ ಬಿಡ್ರಿ ಸಾಹೇಬ್ರ. ಆ ಲಾರಿ ಹಿಡೀರಿ!”

ನ್ಯಾಯಾಧೀಶರು ಅವಸರದಲ್ಲಿ ಟ್ರ್ಯಾಕ್ಟರಿಗೆ ಬಿಡುಗಡೆ ಬರೆದು, ಕೊಡಕ್ಕೆ ಮುಚ್ಚಳ ಹಾಕಿಸಿದರು.

ಫಕೀರವ್ವ ಹೋಗುವಾಗ ಆ ಮುಚ್ಚಳವನ್ನು ತೆಗೆದಿಟ್ಟೇ ಹೋದಳು.